ದೇವಿರಮ್ಮನ ಗಳಿಗೆ ಬಟ್ಟಲು

ಮೂರು ಸಲ ಗಂಡಿನ ಕಡೆಯವರು ಬಂದು ಹೋಗಿದ್ದರು. ಮೂರು ಸಲವೂ ಸರೋಜ ಬೇಡ ಅಂದಿದ್ದಳು.

"ಟ್ರಂಕ್ ಕಾಲ್‌ಗಾದ್ರೂ ಮೂರು ನಿಮಿಷ ಕೊಡ್ತೀವಿ ಕಣಪ್ಪ. ಅವರು ಉಪ್ಪಿಟ್ಟು ತಿಂದು ಕೈ ತೊಳ್ಕೊಳ್ಳೋದ್ರೊಳಗೆ ಆ ಮನುಷ್ಯ ಎಂಥೋನು ಅಂತ ನಂಗೆ ಎಂಗೆ ಗೊತ್ತಾಗ್ಬೇಕು?" ಎಂದು ಅಪ್ಪನನ್ನು ಕೇಳಿದಳು. ಅವಳು ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಆಪರೇಟರ್. ಅಪ್ಪ ಜವರಯ್ಯ ಸೌದೆ ಡಿಪೋ ಇಟ್ಟಿದ್ದ.

ಅವಳ ಪ್ರಶ್ನೆಗೆ ಉತ್ತರ ಇದ್ದದ್ದು ಅವನ ಅಕ್ಕ ದೇವಿರಮ್ಮನ ಟ್ರಂಕಿನಲ್ಲಿ, ಹಳೇ ಸೀರೆಯೊಂದರ ಮಡಿಕೆಯೊಳಗೆ.

ಗಳಿಗೆ ಬಟ್ಟಲುಗಳ ಕತೆ ಆಗಿನ ಮೈಸೂರಿನಲ್ಲಿ ಗೊತ್ತಿಲ್ಲದವರಿರಲಿಲ್ಲ. ಹಿಂದೆ ಗಡಿಯಾರವಿಲ್ಲದ ಕಾಲದಲ್ಲಿ ತಳಕ್ಕೆ ಸಣ್ಣ ತೂತು ಕೊರೆದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಡುತ್ತಿದ್ದರು. ಅದು ತುಂಬಿ ಮುಳುಗಿದರೆ ಒಂದು ಗಳಿಗೆ. ಒಬ್ಬ ಪಾಳೇಗಾರನಿಗೆ ಕಂಚುಗಾರನೊಬ್ಬ ಅಂಥ ಮೂರು ಬಟ್ಟಲು ಮಾಡಿಕೊಟ್ಟನಂತೆ. ಹಿಗ್ಗು ಎಂಬುದು ಗಳಿಗೆಯನ್ನು ಹಿಗ್ಗಿಸುತ್ತಿತ್ತು. ಕುಗ್ಗು ಎಂಬುದು ಹೊತ್ತನ್ನು ನುಂಗುತ್ತಿತ್ತು. ನಿಲ್ಲು ಎಂಬುದು ಏನು ಮಾಡುತ್ತಿತ್ತೋ, ಮಾಡಿ ನೋಡಿದವರು ಹೇಳಲು ಬರಲಿಲ್ಲ. ಕೋಟೆ ಬಿದ್ದ ದಿನ ರಾಣೀವಾಸದ ಮೂವರು ಹೆಂಗಸರು ಒಂದೊಂದನ್ನು ಸೆರಗಿಗೆ ಕಟ್ಟಿಕೊಂಡು ಮೂರು ದಿಕ್ಕಿಗೆ ಓಡಿಹೋದರು. ಇಷ್ಟು ಎಲ್ಲರೂ ಒಪ್ಪುತ್ತಿದ್ದರು. ಈಗ ಅವು ಯಾರ ಮನೆಯಲ್ಲಿವೆ ಎನ್ನುವುದರಲ್ಲಿ ಮಾತ್ರ ಜಗಳ.

ಹಿಗ್ಗು ವಿದ್ಯಾರಣ್ಯಪುರಂನಲ್ಲಿ ತಮ್ಮನ ಮನೆಯಲ್ಲೇ ಇದ್ದ ದೇವಿರಮ್ಮನ ಹತ್ತಿರವಿತ್ತು. ಅದನ್ನು ಆಕೆ ಮಧ್ಯಾಹ್ನದ ನಿದ್ದೆಗೆ ಬಳಸುತ್ತಿದ್ದಳು. ಒಲೆಯ ಮೇಲೆ ಹಾಲು ಉಕ್ಕುವಷ್ಟರಲ್ಲಿ ಹಿತ್ತಲಲ್ಲಿ ಭರ್ತಿ ನಿದ್ದೆ ತೆಗೆದು ಬರುತ್ತಿದ್ದಳು.

ನಾಲ್ಕನೇ ಗಂಡು ಬೋಗಾದಿಯವನು, ಹೆಸರು ಮರಿಸ್ವಾಮಿ. ರೈಲ್ವೆ ವರ್ಕ್‌ಶಾಪಿನಲ್ಲಿ ಫಿಟ್ಟರ್. ತಾಯಿ ಶಿವನಂಜಮ್ಮನ ಜೊತೆ ಹೇಳಿದ ಹೊತ್ತಿಗಿಂತ ಬಹಳ ತಡವಾಗಿ ಬಂದ. ಬೆವರು ಒರೆಸಿಕೊಳ್ಳುತ್ತ ಚಾಪೆಯ ಅಂಚಿನಲ್ಲಿ ಕೂತ. ಶಿವನಂಜಮ್ಮ ಚಕ್ಕುಲಿಗೆ ಕೈ ಹಾಕಿದ್ದೇ ತಡ, ದೇವಿರಮ್ಮ ಎದ್ದಳು.

"ಸರೋಜ, ಹಿತ್ತಲಲ್ಲಿ ಸೀಬೆಹಣ್ಣು ಕಿತ್ಕೊಂಡು ಬಾ. ನಿಂಗೆ ಎಟಕಲ್ಲ, ಈ ಹುಡುಗನ್ನೂ ಕರ್ಕೊಂಡೋಗು."

"ಅಕ್ಕಾ!" ಎಂದ ಜವರಯ್ಯ.

"ಕಣ್ಣು ಮಿಟುಕಿಸೋದ್ರೊಳಗೆ ಬರ್ತಾರೆ, ಬುಡೋ."

ಅವರಿಬ್ಬರನ್ನು ಬಾವಿಕಟ್ಟೆಯ ತನಕ ಬಿಟ್ಟು, ಬಟ್ಟಲನ್ನು ಸರೋಜಳ ಕೈಗೆ ಕೊಟ್ಟು, ಅದು ತೇಲುತ್ತಿರುವಾಗ ಬಾಗಿಲು ತೆರೆಯುವುದಿಲ್ಲವೆಂದು ಕಿವಿಯಲ್ಲಿ ಉಸುರಿ ಆಕೆ ಒಳಗೆ ಹೋದಳು. ಬಾಗಿಲು ಮುಚ್ಚಿದ ಮೇಲೆ ಸರೋಜ ಅಲ್ಲಿದ್ದ ನೀರು ತುಂಬಿದ ಕೊಳಗದಲ್ಲಿ ಅದನ್ನು ತೇಲಿಬಿಟ್ಟಳು.

ಮರಿಸ್ವಾಮಿ ಮರದಲ್ಲಿದ್ದ ಹಣ್ಣನ್ನೆಲ್ಲ ಕಿತ್ತು ಕೊಟ್ಟು, ಇನ್ನು ಕೀಳಲು ಏನೂ ಉಳಿಯದೆ, "ಒಳಗೆ ಹೋಗೋಣ್ವಾ?" ಎಂದ.

"ಆಗಲ್ಲ. ಕಿಟಕೀಲಿ ನೋಡಿ."

ಕಿಟಕಿಯಾಚೆ ಜವರಯ್ಯನ ಬಾಯಿ ಅರ್ಧ ತೆರೆದು ನಿಂತಿತ್ತು. ಕಾಫಿ ಲೋಟದಿಂದ ಎದ್ದ ಹಬೆ ನೂಲಿನಂತೆ ನೆಟ್ಟಗಿತ್ತು. ಶಿವನಂಜಮ್ಮ ಯಾರೂ ನೋಡದ ಹೊತ್ತಿನಲ್ಲಿ ಎರಡನೇ ಚಕ್ಕುಲಿಯನ್ನು ಸೆರಗಿಗೆ ಇಳಿಸುತ್ತಿದ್ದಳು. ಮರಿಸ್ವಾಮಿ ಮೊದಲು ಬೆಚ್ಚಿದ, ಆಮೇಲೆ ತಾಯಿಯನ್ನು ನೋಡಿ ನಗತೊಡಗಿದ. ಸರೋಜಳಿಗೂ ತಡೆಯಲಾಗಲಿಲ್ಲ.

ನಗು ಮುಗಿದ ಮೇಲೆ ಮಾತು ಬಂತು. ಮಾತಿನಿಂದ ಜಗಳವೂ ಬಂತು. ಮದುವೆಯಾದ ಮೇಲೂ ಕೆಲಸ ಬಿಡುವುದಿಲ್ಲ ಎಂದಳು ಸರೋಜ. ಬೋಗಾದಿಯಿಂದ ಅಷ್ಟು ದೂರ ದಿನಾ ಹೆಂಗೆ ಹೋಗ್ತೀರಿ ಎಂದ ಅವನು. ನೀವು ಹೋಗಲ್ವಾ ಎಂದಳು. ನಾನು ಗಂಡಸು ಎಂದ. ಅವಳು ಬಾವಿಯ ಆ ಬದಿಗೆ ಹೋಗಿ ಬೆನ್ನು ತಿರುಗಿಸಿ ಕೂತಳು. ಬೇರೆ ದಿನವಾಗಿದ್ದರೆ ಸಂಬಂಧ ಅಲ್ಲಿಗೇ ಮುರಿಯುತ್ತಿತ್ತು. ಆದರೆ ಹೋಗಲು ಬಾಗಿಲಿರಲಿಲ್ಲ. ಬಹಳ ಹೊತ್ತಿನ ಮೇಲೆ ಅವನೇ ಹತ್ತಿರ ಬಂದ.

"ನಿಜ ಹೇಳ್ತೀನಿ. ನಾನೇ ದಿನಾ ಕೆಲಸಕ್ಕೆ ಲೇಟು. ಮೇಸ್ತ್ರಿ ಹತ್ರ ಬೈಸ್ಕೊಳ್ದೆ ಇರೋ ದಿನ ಇಲ್ಲ. ಅದಕ್ಕೇ ಅಂದೆ."

"ಬೇಗ ಏಳ್ಬೇಕಪ್ಪ."

"ಕೋಳಿ ಕೂಗೋ ಮುಂಚೆ ಏಳ್ತೀನಿ ಕಣ್ರೀ! ಸ್ನಾನ, ಅಂಬಲಿ, ಅಷ್ಟೇ. ಹೊರಗೆ ಬಂದ್ರೆ ಬಿಸಿಲು ನೆತ್ತಿಗೆ ಬಂದ್ಬುಟ್ಟಿರುತ್ತೆ. ಸ್ಕೂಲಿಗೂ ಹಂಗೇ ಹೋಗ್ತಿದ್ದೆ. ಎಲ್ರೂ ಸೋಮಾರಿ ಅಂದ್ರು, ನಾನೂ ನಂಬ್ಬುಟ್ಟೆ."

ಹಾಗೆನ್ನುತ್ತ ತಲೆ ತಗ್ಗಿಸಿದವನ ಕಣ್ಣು ಕೊಳಗದ ಮೇಲೆ ಬಿತ್ತು. "ಇಂಥದ್ದೇ ಒಂದು ನಮ್ಮನೇಲೂ ಇದೆ. ಅವ್ವ ಅದ್ರಲ್ಲಿ ತುಳಸಿಗೆ ಸಣ್ಣಗೆ ನೀರು ಬಿಡ್ತಾಳೆ."

"ಆಮೇಲೆ ಎಲ್ಲಿಡ್ತಾರೆ?"

"ಹಂಡೆ ನೀರಿಗೆ ಹಾಕ್ತಾಳೆ. ದಿನಾ ಬೆಳಿಗ್ಗೆ."

ಇಬ್ಬರೂ ಮುಖ ಮುಖ ನೋಡಿಕೊಂಡರು. ಸರೋಜಳಿಗೆ ನಗು ಬರಬೇಕಿತ್ತು. ಬರಲಿಲ್ಲ. ಮಾಡದ ತಪ್ಪಿಗೆ ಇಷ್ಟು ವರ್ಷ ಬೈಸಿಕೊಂಡೂ ಒಬ್ಬರ ಮೇಲೂ ದೂರು ಹೇಳದ ಈ ಮನುಷ್ಯನನ್ನು ಅವಳು ಹೊಸದಾಗಿ ನೋಡಿದಳು. ಉಳಿದ ಹೊತ್ತೆಲ್ಲ ಸೀಬೆಹಣ್ಣು ತಿನ್ನುತ್ತ, ಕುಗ್ಗು ಇಲ್ಲದ ಮನೆಯಿಂದ ಸೈಕಲ್ಲಿನಲ್ಲಿ ಎಕ್ಸ್‌ಚೇಂಜಿಗೆ ಎಷ್ಟು ಬೇಗ ತಲುಪಬಹುದೆಂದು ಇಬ್ಬರೂ ಲೆಕ್ಕ ಹಾಕಿದರು.

ಬಟ್ಟಲು ಗುಳುಕ್ಕೆಂದು ಮುಳುಗಿತು. ಇಬ್ಬರೂ ಒಳಗೆ ಬಂದರು.

"...ಇದೆಲ್ಲ ಸರಿಯಲ್ಲ," ಎಂದು ಜವರಯ್ಯ ಮಾತು ಮುಗಿಸಿದ.

"ನಂಗೆ ಒಪ್ಗೆ ಅಪ್ಪ," ಎಂದಳು ಸರೋಜ.

ಶಿವನಂಜಮ್ಮ ಮಾತ್ರ ಅವರಿಬ್ಬರೂ ಹೇಳಿದ ಬಟ್ಟಲಿನ ವಿಷಯ ನಂಬಲಿಲ್ಲ. "ನನ್ನ ಮಗನ ಬೆಳಗಿನ ಹೊತ್ತನ್ನ ನಾನೇ ನುಂಗ್ದೆ ಅಂತೀರಾ?" ಎಂದು ಸಿಟ್ಟಾಗಿ ಊರಿಗೆ ಹೋದಳು. ಮರುದಿನ ಬೆಳಿಗ್ಗೆ ಹಂಡೆಯಿಂದ ಬಟ್ಟಲು ತೆಗೆದಿಟ್ಟು ನೋಡಿದಳು. ಅಡುಗೆಯಾಯಿತು, ಸಾರಿಸಿದ್ದಾಯಿತು, ಮಗ ಬುತ್ತಿ ಹಿಡಿದು ಹೊರಟ. ಬಿಸಿಲು ಇನ್ನೂ ಎಳೆಯದಿತ್ತು. ಆ ಮಧ್ಯಾಹ್ನವೇ ಕುಗ್ಗನ್ನು ಒಣಬಟ್ಟೆಯಲ್ಲಿ ಸುತ್ತಿಕೊಂಡು ವಿದ್ಯಾರಣ್ಯಪುರಂಗೆ ಬಂದು ದೇವಿರಮ್ಮನ ಎದುರು ಕೂತು ಅತ್ತಳು.

"ಮೊನ್ನೆ ತೊಟ್ಟಿಲಲ್ಲಿದ್ದ ಅನ್ಸುತ್ತೆ ಕಣಮ್ಮ. ಬೆಳೆದದ್ದೇ ನೋಡ್ಲಿಲ್ಲ. ಈಗ ಮದ್ವೆ ಬಂತು."

ದೇವಿರಮ್ಮ ಟ್ರಂಕು ತೆಗೆದು ಹಿಗ್ಗನ್ನು ಆಕೆಯ ಮಡಿಲಿಗೆ ಹಾಕಿದಳು. "ಮದ್ವೆ ತನಕ ನಿಮ್ಮತ್ರ ಇರ್ಲಿ. ನಾನು ರಾತ್ರಿ ಮಲಗ್ತೀನಿ ಬುಡಿ."

ಮದುವೆಯ ತನಕ ಪ್ರತಿ ಭಾನುವಾರ ಬೋಗಾದಿಯ ಹಿತ್ತಲಲ್ಲಿ ತಾಯಿ, ಮಗ ಇಬ್ಬರೇ ಉದ್ದುದ್ದ ಮಧ್ಯಾಹ್ನಗಳನ್ನು ಕಳೆದರು. ಅಷ್ಟು ಹೊತ್ತು ಏನು ಮಾಡ್ತೀರಿ ಎಂದು ಸರೋಜ ಒಮ್ಮೆ ಎಕ್ಸ್‌ಚೇಂಜಿನಿಂದ ವರ್ಕ್‌ಶಾಪಿಗೆ ಫೋನು ಮಾಡಿ ಕೇಳಿದಳು.

"ಏನಿಲ್ಲ. ತಲೆಗೆ ಎಣ್ಣೆ ಹಚ್ತಾಳೆ. ಚಿಕ್ಕಂದಿನಲ್ಲಿ ಬೈಯೋಕೆ ಹೊತ್ತು ಸಿಗದೆ ಉಳಿಸಿಕೊಂಡಿದ್ದ ಬೈಗುಳ ಎಲ್ಲ ಈಗ ಬೈತಿದ್ದಾಳೆ," ಎಂದ ಮರಿಸ್ವಾಮಿ. ಅವನ ದನಿಯಲ್ಲಿದ್ದ ಸುಖ ಕೇಳಿ, ಮೂರು ನಿಮಿಷ ದಾಟಿದರೂ ಸರೋಜ ಲೈನು ಕತ್ತರಿಸಲಿಲ್ಲ.