ನಾಲ್ಕೂವರೆ ಟೈಲು

ಹೇಳಿಬಿಡಲೇ? ಹೇಳುವುದಾದರೆ ಎಲ್ಲಿಂದ ಶುರು ಮಾಡುವುದು, ಮೊಣಕಾಲಿನಿಂದಲೋ ಬ್ಯಾಂಕಿನಿಂದಲೋ? ಮೊಣಕಾಲಿನಿಂದ ಶುರು ಮಾಡಿದರೆ ಅವಳು ಅಳುತ್ತಾಳೆ. ಬ್ಯಾಂಕಿನಿಂದ ಶುರು ಮಾಡಿದರೆ ನಗುತ್ತಾಳೆ. ಏನೂ ಹೇಳದಿದ್ದರೆ ಎಲ್ಲ ಹೀಗೇ ಇರುತ್ತದೆ. ಹೀಗೇ ಅಂದರೆ ಎಷ್ಟು ದಿನ?

ಟೈಲ್ಸ್ ಮೇಸ್ತ್ರಿ ಯಾರದೋ ಮನೆಯ ಬಚ್ಚಲಿನಲ್ಲಿ ಮಂಡಿಯೂರಿ ಕೂತು, ಆಗಷ್ಟೇ ಕೂರಿಸಿದ ಟೈಲನ್ನು ರಬ್ಬರ್ ಸುತ್ತಿಗೆಯಿಂದ ತಟ್ಟಿ ಕಿವಿಗೊಟ್ಟ. ಅಡಿಯಲ್ಲಿ ಸಿಮೆಂಟು ತುಂಬಿದ್ದರೆ ಸದ್ದು ಗಟ್ಟಿ, ಗಾಳಿ ಉಳಿದಿದ್ದರೆ ಟೊಳ್ಳು. ಇದು ಗಟ್ಟಿಯಾಗಿತ್ತು. ಅವನ ಎಡಮೊಣಕಾಲಿನ ಬಗ್ಗೆ ಆ ಮಾತು ಹೇಳುವಂತಿರಲಿಲ್ಲ. ಎರಡು ವರ್ಷದ ಕೆಳಗೆ ಡಾಕ್ಟರು ಎಕ್ಸ್‌ರೇಯನ್ನು ಕಿಟಕಿಯ ಬೆಳಕಿಗೆ ಹಿಡಿದು, "ಇನ್ನೊಂದು ಐದಾರು ವರ್ಷ ತಳ್ಳಬಹುದು. ಆಮೇಲೆ ನಿಂತ್ಕೊಂಡು ಮಾಡೋ ಕೆಲಸ ಏನಾದ್ರೂ ನೋಡ್ಕೊಳ್ಳಿ" ಅಂದಿದ್ದರು. ನಿಂತುಕೊಂಡು ನೆಲ ಹಾಕುವ ವಿದ್ಯೆಯನ್ನು ಯಾರೂ ಇನ್ನೂ ಕಂಡುಹಿಡಿದಿರಲಿಲ್ಲ. ಎಕ್ಸ್‌ರೇ ಈಗಲೂ ಅವನ ಸಾಮಾನಿನ ಪೆಟ್ಟಿಗೆಯ ತಳದಲ್ಲಿ, ಸಂದಿಗೆ ತುಂಬುವ ಬಿಳಿಪುಡಿಯ ಚೀಲದ ಕೆಳಗಿತ್ತು. ಹೆಂಡತಿಗೆ ಅದರ ಸುಳಿವೇ ಇರಲಿಲ್ಲ.

ಜೇಬಿನಲ್ಲಿ ಫೋನು ಹೊಡೆದುಕೊಂಡಿತು.

"ರೀ, ಬ್ಯಾಂಕಿನಿಂದ ಕಾಗದ ಬಂದಿದೆ. ಮನೆ ಸಾಲದ ಒಂದು ವರ್ಷದ ಲೆಕ್ಕ."

"ಹೂಂ."

"ಹೂಂ ಅಂದ್ರಾಗಲಿಲ್ಲ, ಬೇಗ ಬನ್ನಿ. ನಿಮ್ಮ ಟೈಲುಗಳ ಮರ್ಯಾದೆ ಹೋಗೋದ್ರಲ್ಲಿದೆ."

ಅವನ ಟೈಲುಗಳ ಕಥೆ ಇಡೀ ಕಟ್ಟಡಕ್ಕೆ ಗೊತ್ತಿತ್ತು. ಹೋದ ವರ್ಷ ಮೂರನೇ ಮಹಡಿಯ ಈ ಮನೆಯನ್ನು ಕೊಂಡಾಗ ಹಳೆಯ ನೆಲವನ್ನು ಕಿತ್ತು ಅವನೇ ಹೊಸದು ಹಾಕಿದ್ದ. ಹಾಲ್, ಎರಡು ಕೋಣೆ, ಅಡುಗೆಮನೆ, ಎಲ್ಲ ಸೇರಿ ಸರಿಯಾಗಿ ಇನ್ನೂರ ನಲವತ್ತು ಟೈಲು. ಸಾಲ ಇಪ್ಪತ್ತು ವರ್ಷದ್ದು. ತಿಂಗಳಿಗೊಂದರಂತೆ ಇನ್ನೂರ ನಲವತ್ತು ಕಂತು. "ತಿಂಗಳಿಗೊಂದು ಟೈಲು ನಮ್ಮದಾಗುತ್ತೆ" ಎಂದು ಅವನು ಘೋಷಿಸಿದ್ದ. ಕಂತು ಕಟ್ಟಿದ ದಿನ ಸಂಜೆ, ಬಾಗಿಲಿನಿಂದ ಶುರುಮಾಡಿ, ಒಂದೊಂದು ಟೈಲಿನ ಮೂಲೆಗೆ ಪೆನ್ಸಿಲಿನಲ್ಲಿ ರೈಟ್ ಗುರುತು ಹಾಕುತ್ತಿದ್ದ. ನೆಲ ಒರೆಸುವಾಗ ಹೆಂಡತಿ ಆ ಗುರುತುಗಳು ಅಳಿಸದಂತೆ ಸುತ್ತಿ ಹೋಗಬೇಕಾಗಿತ್ತು. ಬಚ್ಚಲು ಮತ್ತು ಬಾಲ್ಕನಿ ಈ ಲೆಕ್ಕಕ್ಕೆ ಸೇರಿರಲಿಲ್ಲ. ಮುಂಗಡ ಹಣಕ್ಕಾಗಿ ಅತ್ತೆ ತನ್ನ ಮೂವತ್ತು ವರ್ಷದ ಕಿರಾಣಿ ಅಂಗಡಿಯನ್ನು ಮಾರಿ ಕೊಟ್ಟಿದ್ದಳಾದ್ದರಿಂದ ಅವೆರಡೂ ಅವಳವು ಎಂದು ತೀರ್ಮಾನವಾಗಿತ್ತು. ಯಾರಾದರೂ ಬಚ್ಚಲಿನಲ್ಲಿ ತಡಮಾಡಿದರೆ ಅವಳು ಹೊರಗಿನಿಂದ ಬಾಡಿಗೆ ಕೇಳುತ್ತಿದ್ದಳು.

ಮೇಸ್ತ್ರಿ ಮನೆಗೆ ಬಂದಾಗ ಹೆಂಡತಿ ಒದ್ದೆ ಬಟ್ಟೆ ಹಿಡಿದು ನೆಲದ ಮೇಲೆ ಕೂತಿದ್ದಳು. ಹೊಲಿಗೆ ಕಾರ್ಖಾನೆಯ ಸಮವಸ್ತ್ರವನ್ನೂ ಅವಳು ಬದಲಿಸಿರಲಿಲ್ಲ. ಕುರ್ಚಿಯ ಮೇಲೆ ಅತ್ತೆ.

"ಅಮ್ಮ, ಕಾಲೆತ್ತು. ನೀನು ಕೂತಿರೋದು ಬ್ಯಾಂಕಿನ ಮೇಲೆ."

"ನಿನ್ನೆ ತನಕ ನಮ್ಮದಾಗಿತ್ತಲ್ಲೇ?"

"ನಿನ್ನೆ ತನಕ ನಿನ್ನ ಅಳಿಯನ ಲೆಕ್ಕ ನಡೀತಿತ್ತು. ಇವತ್ತಿಂದ ಬ್ಯಾಂಕಿನ ಲೆಕ್ಕ." ಅವಳು ಕುರ್ಚಿಯ ಕೆಳಗಿದ್ದ ಗುರುತನ್ನು ತಿಕ್ಕಿ ಅಳಿಸಿದಳು. ಅದರ ಹಿಂದಿನದನ್ನೂ ಅಳಿಸಿದಳು. ಹೀಗೆ ಹಿಂದೆ ಹಿಂದೆ ಸರಿಯುತ್ತ ಬಾಗಿಲಿನತ್ತ ಬಂದು, ಕೊನೆಯ ಕೆಲವು ಗುರುತುಗಳನ್ನು ಮಾತ್ರ ಬಿಟ್ಟು, ಅವನ ಬೂಟಿನ ಮುಂದೆ ನಿಂತಳು. "ಹನ್ನೆರಡು ಕಂತು ಕಟ್ಟಿದ್ವಿ. ಎಷ್ಟು ಟೈಲು ನಮ್ಮದಾಯ್ತು ಹೇಳಿ ನೋಡೋಣ."

"ಎಷ್ಟು?"

"ನಾಲ್ಕೂವರೆ."

"ಆ ಅರ್ಧ ಯಾವ ಕಡೆದೇ?" ಎಂದಳು ಅತ್ತೆ. "ಕಾಲಿಡೋಕೆ ಗೊತ್ತಿರಬೇಕಲ್ಲ."

ಹೆಂಡತಿ ಕಾಗದ ಬಿಚ್ಚಿ ಓದಿದಳು. ಕಟ್ಟಿದ್ದರ ಆರು ಪಾಲಿನಲ್ಲಿ ಐದು ಪಾಲು ಬಡ್ಡಿಗೇ ಹೋಗಿತ್ತು. ಅಸಲಿಗೆ ಸೇರಿದ್ದು ಒಂದೇ ಪಾಲು. ಮೂವತ್ತು ವರ್ಷ ಅಂಗಡಿ ನಡೆಸಿದ ಅತ್ತೆಗೆ ಇದನ್ನು ಎರಡನೇ ಸಲ ಹೇಳಬೇಕಾಗಲಿಲ್ಲ.

"ಅಂದ್ರೆ ನೀವಿಬ್ಬರೂ ವರ್ಷಪೂರ್ತಿ ಬ್ಯಾಂಕಿಗೆ ಬಾಡಿಗೆ ಕಟ್ಟಿದ್ದೀರ. ನಾಲ್ಕೂವರೆ ಟೈಲು ಕೊಸರು ಹಾಕಿದ್ದಾರೆ."

"ಮೊದಮೊದಲು ಹಂಗೇ ಅತ್ತೆ" ಎಂದ ಮೇಸ್ತ್ರಿ, ಬೂಟು ಬಿಚ್ಚುತ್ತ. "ಅಸಲು ದೊಡ್ಡದಿದ್ದಾಗ ಬಡ್ಡಿನೂ ದೊಡ್ಡದು. ಕೊನೆಕೊನೆಗೆ ಉಲ್ಟಾ ಆಗುತ್ತೆ. ಆಗ ಒಂದು ಕಂತಿಗೆ ಎರಡೆರಡು ಟೈಲು ಬರುತ್ತೆ."

ಹೆಂಡತಿ ತಲೆ ಎತ್ತಿದಳು. "ನಿಮಗೆ ಹೇಗೆ ಗೊತ್ತು?"

"ಯಾರೋ ಹೇಳ್ತಿದ್ರು."

"ಗೊತ್ತಿದ್ದೂ ತಿಂಗಳು ತಿಂಗಳು ಗುರುತು ಹಾಕಿದ್ರಾ?"

ಅವನು ಬೂಟಿನ ದಾರದ ಗಂಟಿನಲ್ಲಿ ಮಗ್ನನಾದ. ಕಟ್ಟಡದವರು ಅವನನ್ನು ರಸಮಟ್ಟ ಎಂದು ಕರೆಯುತ್ತಿದ್ದರು. ನೆಲ ಸಮವಾಗಿದೆಯೇ ಎಂದು ನೋಡುವ ಆ ಸಾಧನದೊಳಗಿನ ಗುಳ್ಳೆ ನಡುವಿಗೆ ಬಂದು ನಿಲ್ಲುವವರೆಗೆ ಕಾಯುವಂತೆ, ಇವನ ಬಾಯಿಂದ ಒಂದು ಮಾತು ಬರಲೂ ಕಾಯಬೇಕಾಗುತ್ತಿತ್ತು.

ಕಾಫಿ ಕುಡಿದ ಮೇಲೆ ಹೆಂಡತಿ ಸಾಲದ ಫೈಲನ್ನೇ ಹೊರಗೆಳೆದಳು. ಇಪ್ಪತ್ತು ವರ್ಷದಲ್ಲಿ ಒಟ್ಟು ಎಷ್ಟು ಕಟ್ಟುತ್ತೇವೆ ಎಂದು ಮೊದಲ ಸಲ ಕೂಡಿದಳು. ಎರಡನೇ ಸಲವೂ ಕೂಡಿದಳು. ಸಾಲವನ್ನು ಟೈಲಿನಲ್ಲಿ ಎಣಿಸಿದರೆ ಇನ್ನೂರ ನಲವತ್ತು. ಕಟ್ಟಬೇಕಾದದ್ದು ಐನೂರ ಹದಿನೆಂಟು ಟೈಲಿನ ಹಣ.

"ಒಂದು ಮನೆ ನಮಗೆ, ಒಂದು ಮನೆ ಬ್ಯಾಂಕಿಗೆ" ಎಂದಳು ಅತ್ತೆ. "ಜೊತೆಗೆ ಅವರಿಗೊಂದು ಅಡುಗೆಮನೆ ಜಾಸ್ತಿ."

ಆಗ ಫೈಲಿನಿಂದ ನಾಲ್ಕು ಮಡಿಕೆಯ ಒಂದು ಚೀಟಿ ಬಿತ್ತು. ಬ್ಯಾಂಕಿನವರ ಕೈಬರಹ. ಎಡಗಡೆ ಹದಿನೈದು ವರ್ಷ, ಬಲಗಡೆ ಇಪ್ಪತ್ತು ವರ್ಷ. ಎರಡರ ಕಂತು, ಎರಡರ ಒಟ್ಟು ಮೊತ್ತ. ಮೇಸ್ತ್ರಿಗೆ ಆ ಚೀಟಿಯನ್ನು ಹರಿದು ಹಾಕಿದ್ದೇನೆಂಬ ನಂಬಿಕೆಯಿತ್ತು.

ಹೆಂಡತಿ ಬಹಳ ಹೊತ್ತು ಓದಿದಳು. "ಹದಿನೈದು ವರ್ಷಕ್ಕೆ ತಗೊಂಡಿದ್ರೆ ನಾನೂರ ಮೂವತ್ತೆಂಟು ಟೈಲಿಗೆ ಮುಗೀತಿತ್ತು. ಎಂಬತ್ತು ಕಮ್ಮಿ! ಕಂತು ಎಂಟರಲ್ಲೊಂದು ಪಾಲು ಜಾಸ್ತಿ, ಅಷ್ಟೇ. ತಿಂಗಳಿಗೆ ಎರಡು ದಿನ ಹೆಚ್ಚಿಗೆ ದುಡಿದಿದ್ರೆ ಆಗ್ತಿತ್ತಲ್ರೀ. ಯಾಕೆ ಇಪ್ಪತ್ತಕ್ಕೆ ಹೋದ್ರಿ?"

ಇಬ್ಬರೂ ಅವನನ್ನು ನೋಡಿದರು. ಹೇಳುವುದಾದರೆ ಇದೇ ಸಮಯವಾಗಿತ್ತು. ಪೆಟ್ಟಿಗೆ ಬಾಗಿಲ ಬಳಿಯೇ ಇತ್ತು; ಎದ್ದು ಹೋಗಿ ಬಿಳಿಪುಡಿಯ ಚೀಲವನ್ನು ಎತ್ತಿದ್ದರೆ ಸಾಕಾಗುತ್ತಿತ್ತು.

"ಹದಿನೈದು ವರ್ಷ ಅಂದ್ರೆ ನೂರ ಎಂಬತ್ತು ಕಂತು" ಎಂದ. "ನಮ್ಮ ಟೈಲು ಇನ್ನೂರ ನಲವತ್ತು. ಇಪ್ಪತ್ತಾದ್ರೆ ಲೆಕ್ಕ ಸರಿಹೊಂದುತ್ತೆ ಅಂತ."

ಮೊದಲು ಅತ್ತೆಯ ನಗು ಶುರುವಾಯಿತು. ಹೆಂಡತಿ ತಡೆದುಕೊಳ್ಳಲು ನೋಡಿ, ಆಗದೆ, ಫೈಲಿನಿಂದ ಮುಖ ಮುಚ್ಚಿಕೊಂಡಳು.

"ಎಂಬತ್ತು ಟೈಲು ದಂಡ ತೆತ್ತು ಲೆಕ್ಕ ಸರಿಮಾಡಿದ್ರಲ್ಲ ಅಳಿಯಂದ್ರೇ! ಮನೆಯಲ್ಲಿ ನಾನೂರು ಟೈಲು ಇದ್ದಿದ್ರೆ ಏನು ಗತಿ?"

"ನಮ್ಮ ಪುಣ್ಯ, ಮನೆ ಚಿಕ್ಕದು" ಎಂದಳು ಹೆಂಡತಿ ಕಣ್ಣೊರೆಸಿಕೊಳ್ಳುತ್ತ.

ಮೇಸ್ತ್ರಿಯೂ ನಕ್ಕ. ದಡ್ಡನಾಗುವುದು ಇಷ್ಟು ಹಗುರವೆಂದು ಅವನಿಗೆ ತಿಳಿದಿರಲಿಲ್ಲ.

ಆದರೆ ನಗು ಮುಗಿದ ಮೇಲೆ ಹೆಂಡತಿ ಗಂಭೀರವಾದಳು. ಮೋಟಾರಿನ ಹೊಲಿಗೆ ಮೆಷಿನ್ನಿಗೆಂದು ಮೂರು ವರ್ಷದಿಂದ ಅವಳು ಕೂಡಿಟ್ಟ ಹಣವಿತ್ತು. ಕಾರ್ಖಾನೆಯಿಂದ ಬಂದ ಮೇಲೆ ಮನೆಯಲ್ಲೇ ಬಟ್ಟೆ ಹೊಲಿದು ನಾಲ್ಕು ಕಾಸು ಮಾಡಬೇಕೆಂಬುದು ಅವಳ ಆಸೆ. ಹಣ ಸುಮಾರು ಆರು ಕಂತಿನಷ್ಟಾಗಿತ್ತು.

"ಅದನ್ನ ಈಗಲೇ ಅಸಲಿಗೆ ಕಟ್ಟಿಬಿಡ್ತೀನಿ" ಎಂದಳು. "ಕಾಗದ ನೋಡಿದ ಕೂಡಲೇ ಬ್ಯಾಂಕಿಗೆ ಫೋನ್ ಮಾಡಿ ಕೇಳಿದೆ. ಈಗ ಆರು ಕಂತು ಒಟ್ಟಿಗೆ ಕಟ್ಟಿದ್ರೆ ಕೊನೇಲಿ ಮೂವತ್ತು ಕಂತು ಹಾರಿಹೋಗುತ್ತಂತೆ. ಎರಡೂವರೆ ವರ್ಷ!"

"ಬೇಡ."

"ಏನು ಬೇಡ?"

"ಮೆಷಿನ್ ತಗೋ."

"ಆರು ಕೊಟ್ಟು ಮೂವತ್ತು ಉಳಿಸೋದು ಬೇಡ್ವಾ? ಟೈಲು ಕೂದಲೆಳೆಯಷ್ಟು ವಾರೆಯಾದ್ರೆ ಕಿತ್ತು ಹಾಕೋ ಮನುಷ್ಯ ನೀವು. ಒಂದು ಕಾರಣ ಹೇಳಿ."

"ನಿನಗೆ ಆಸೆಯಿತ್ತಲ್ಲ."

ಅತ್ತೆ ನಗುವುದನ್ನು ನಿಲ್ಲಿಸಿ ಅಳಿಯನನ್ನು ದಿಟ್ಟಿಸಿದಳು. ಸಾಲ ಕೇಳಲು ಬಂದವರು ಮಾತಾಡುವ ಮುಂಚೆಯೇ ಅವರ ಮುಖ ಓದಿ ಅಭ್ಯಾಸವಾದ ಕಣ್ಣು. "ಅಳಿಯಂದ್ರೇ, ನಿಮ್ಮ ಸುತ್ತಿಗೆ ಸ್ವಲ್ಪ ಕೊಡಿ. ಈ ಮಾತನ್ನ ತಟ್ಟಿ ನೋಡ್ಬೇಕು. ಎಲ್ಲೋ ಟೊಳ್ಳು ಕೇಳಿಸ್ತಿದೆ."

ಅವನು ಎದ್ದು ಬಾಲ್ಕನಿಗೆ ಹೋದ. "ಬಾಡಿಗೆ!" ಎಂದು ಅತ್ತೆ ಹಿಂದಿನಿಂದ ಕೂಗಿದಳು. ಆದರೆ ದನಿಯಲ್ಲಿ ಮೊದಲಿನ ಗೆಲುವಿರಲಿಲ್ಲ.

ಸೋಮವಾರ ಇಬ್ಬರೂ ಅರ್ಧ ದಿನ ರಜೆ ಹಾಕಿ ಬ್ಯಾಂಕಿಗೆ ಹೋದರು. ಹಣ ಹೆಂಡತಿಯ ಕೈಚೀಲದಲ್ಲಿತ್ತು. ಸಾಲದ ಮೇಜಿನ ಹಿಂದೆ ಹೋದ ವರ್ಷ ಸಾಲ ಮಾಡಿಕೊಟ್ಟ ಅದೇ ಮೇಡಂ, ದಾರ ಕಟ್ಟಿದ ಅದೇ ಪೆನ್ನು. ಮೇಡಂ ಮೇಸ್ತ್ರಿಯನ್ನು ನೋಡಿದ ಕೂಡಲೇ ಗುರುತು ಹಿಡಿದರು.

"ಓ, ನೀವಾ! ಸಾಲ ತಗೊಳ್ಳೋಕೆ ಒಂದು ವಾರ ಮುಂಚೆ ಒಬ್ಬರೇ ಬಂದು ಒಂದು ಗಂಟೆ ಕೂತಿದ್ರಲ್ಲ. ಇವರ ಹಾಗೆ ಲೆಕ್ಕ ಕೇಳಿದೋರು ಇನ್ನೊಬ್ಬರಿಲ್ಲಮ್ಮ."

"ಇವರಾ?" ಹೆಂಡತಿ ಗಂಡನ ಕಡೆ ತಿರುಗಿದಳು. "ಏನು, ಟೈಲಿನ ಲೆಕ್ಕಾನಾ?"

ಮೇಡಂ ಉತ್ತರ ಕೊಡಲು ಬಾಯಿ ತೆರೆದರು. ಮೇಸ್ತ್ರಿ ಪೆನ್ನಿನ ದಾರವನ್ನೇ ನೋಡುತ್ತಿದ್ದ. ದಾರ ಮೇಜಿಗೆ ಎಲ್ಲಿ ಅಂಟಿಸಿದೆ, ಎಷ್ಟು ವಾರೆಯಾಗಿ ಅಂಟಿಸಿದೆ ಎಂದು ಆಮೇಲೂ ಅವನು ಹೇಳಬಲ್ಲವನಾಗಿದ್ದ. ಮೇಡಮ್ಮಿನ ಕಣ್ಣು ಅವನ ಮುಖದ ಮೇಲೆ ಸ್ವಲ್ಪ ಹೊತ್ತು ನಿಂತಿತು.

"ಹೌದಮ್ಮ" ಎಂದರು. "ಟೈಲಿನ ಲೆಕ್ಕ."

ಹೆಂಡತಿ ನಗುತ್ತ ಅರ್ಜಿಯನ್ನು ಹತ್ತಿರಕ್ಕೆಳೆದುಕೊಂಡಳು. ಆಗ ಮೇಸ್ತ್ರಿ ಅವಳ ಕೈಚೀಲದ ಮೇಲೆ ಕೈಯಿಟ್ಟ.

"ಮೇಡಂ, ಇದನ್ನ ಕಟ್ಟೋದು ಬೇಡ. ಇವಳು ಮೆಷಿನ್ ತಗೊಳ್ಲಿ. ಅದರ ದುಡಿಮೆಯಲ್ಲಿ ವರ್ಷಕ್ಕೆ ಒಂದೇ ಒಂದು ಕಂತು ಜಾಸ್ತಿ ಕಟ್ತಾ ಹೋದ್ರೆ ಎಷ್ಟು ಕಮ್ಮಿ ಆಗುತ್ತೆ?"

ಒಂದೇ ಉಸಿರಿಗೆ ಅವನು ಇಷ್ಟು ಮಾತಾಡಿದ್ದನ್ನು ಹೆಂಡತಿ ಮದುವೆಯಾದಾಗಿನಿಂದ ಕೇಳಿರಲಿಲ್ಲ. ಮೇಡಂ ಕಂಪ್ಯೂಟರಿನಲ್ಲಿ ಲೆಕ್ಕ ಹಾಕಿದರು. "ಮೂರು ವರ್ಷಕ್ಕಿಂತ ಜಾಸ್ತಿನೇ ಕಮ್ಮಿ ಆಗುತ್ತೆ. ಆದ್ರೆ ಪ್ರತಿ ವರ್ಷ ತಪ್ಪಿಸೋ ಹಾಗಿಲ್ಲ. ಕಟ್ಟೋವಾಗ ಅಸಲಿಗೆ ಅಂತ ಬರೆದುಕೊಡಿ. ಅವಧಿ ಕಮ್ಮಿ ಮಾಡಿ ಅಂತಾನೂ ಬರೀರಿ. ಇಲ್ಲಾಂದ್ರೆ ಕಂತು ಇಳಿಯುತ್ತೆ, ವರ್ಷ ಹಾಗೇ ಉಳಿಯುತ್ತೆ."

ಹೆಂಡತಿ ಪೆನ್ನು ಕೆಳಗಿಟ್ಟಳು. "ಶನಿವಾರ ಇದನ್ನ ಹೇಳೋಕೇನಾಗಿತ್ತು ನಿಮಗೆ?"

"ಹೊಳೀಲಿಲ್ಲ."

"ಗುಳ್ಳೆ ನಡುವಿಗೆ ಬರೋಕೆ ಎರಡು ದಿನ ಬೇಕಾಯ್ತು" ಎಂದು ಅವಳು ಮೇಡಮ್ಮಿಗೆ ಹೇಳಿದಳು.

ಮುಂದಿನ ವಾರ ಮೆಷಿನ್ ಬಂತು. ಕಿಟಕಿಯ ಪಕ್ಕ, ಇನ್ನೂ ಹಲವು ವರ್ಷ ಬ್ಯಾಂಕಿನದೇ ಆಗಿರುವ ನಾಲ್ಕು ಟೈಲುಗಳ ಮೇಲೆ ಅದನ್ನು ಕೂರಿಸಿದರು. ಅತ್ತೆ ಅದರ ಚಕ್ರವನ್ನು ಎರಡು ಸಲ ತಿರುಗಿಸಿ ನೋಡಿ, ಅಳಿಯನನ್ನು ಏನೋ ಕೇಳಲು ಹೊರಟು, ಮತ್ತೆ ಚಕ್ರದತ್ತಲೇ ತಿರುಗಿದಳು. ಹೆಂಡತಿ ಪೆನ್ಸಿಲ್ ತಂದು ಗಂಡನ ಕೈಗೆ ಕೊಟ್ಟಳು. ಬಾಗಿಲಿನಿಂದ ನಾಲ್ಕು ಗುರುತು ಉಳಿದಿದ್ದವು. ಐದನೆಯ ಟೈಲಿಗೆ ಮೂಲೆಯಿಂದ ಮೂಲೆಗೆ ಒಂದು ಗೆರೆ ಎಳೆಯಬೇಕಾಗಿತ್ತು. ಅವನು ಮಂಡಿಯೂರಿ, ಅಳತೆಪಟ್ಟಿಯಿಲ್ಲದೆ, ನೇರವಾದ ಗೆರೆ ಎಳೆದ. ಏಳುವಾಗ ಗೋಡೆ ಹಿಡಿದ.

"ಆಗಲೇ ಮುದುಕ ಆಗಿಬಿಟ್ರಾ?" ಎಂದಳು ಅವಳು, ಮೆಷಿನ್ನಿಗೆ ದಾರ ಪೋಣಿಸುತ್ತ.

"ನೆಲ ಜಾರುತ್ತೆ" ಎಂದ.

"ಹಾಕಿದ ಮೇಸ್ತ್ರಿ ಯಾರೋ, ಅವನನ್ನ ಹಿಡಿದು ಕೇಳಿ."

ಮೆಷಿನ್ ಸದ್ದು ಮಾಡತೊಡಗಿತು. ಅವನು ಅದನ್ನು ಕೇಳುತ್ತ ನಿಂತ.

ಆ ದಿನ ಒಬ್ಬನೇ ಬ್ಯಾಂಕಿಗೆ ಹೋಗಿದ್ದಾಗ ಅವನು ಆ ಒಂದು ಗಂಟೆಯುದ್ದಕ್ಕೂ ಕೇಳಿದ್ದು ಒಂದೇ ಪ್ರಶ್ನೆಯನ್ನು: ತನ್ನ ದುಡಿಮೆ ನಿಂತುಹೋದರೂ ಹೆಂಡತಿಯ ಸಂಬಳವೊಂದರಲ್ಲೇ ಕಟ್ಟಿ, ಮೂವರ ಊಟಕ್ಕೂ ಉಳಿಯುವಂಥ ಕಂತು ಯಾವುದು? ಹದಿನೈದು ವರ್ಷದ್ದರಲ್ಲಿ ಏನೂ ಉಳಿಯುತ್ತಿರಲಿಲ್ಲ; ಇಪ್ಪತ್ತು ವರ್ಷದ್ದರಲ್ಲಿ ಸ್ವಲ್ಪ ಉಳಿಯುತ್ತಿತ್ತು. ಆ ಸ್ವಲ್ಪದ ಬೆಲೆ ಎಂಬತ್ತು ಟೈಲು ಎಂದು ಗೊತ್ತಿದ್ದೇ ಅವನು ಸಹಿ ಹಾಕಿದ್ದ. ಇದನ್ನು ಅವನು ಅವಳಿಗೆ ಯಾವತ್ತೂ ಹೇಳಲಿಲ್ಲ.