ಗಲೀನಾಗೆ ಸಲ್ಲಬೇಕಾದ ಚಪ್ಪಾಳೆ

ಶವಪೆಟ್ಟಿಗೆಯ ಮೇಲೆ ಸಂಯುಕ್ತಾ ತಂದಿಟ್ಟಿದ್ದ ಫೋಟೋವನ್ನು ವೆರಾ ಮಗುಚಿಟ್ಟಳು. ರಾಣಿಯ ವೇಷದಲ್ಲಿದ್ದ ಗಲೀನಾಳ ಹಳೆಯ ಫೋಟೋ ಅದು.

"ಇಲ್ಲಿ ಮಲಗಿರೋದು ನನ್ನ ಅಮ್ಮ. ನಟಿ ಅಲ್ಲ," ಎಂದಳು ಇಂಗ್ಲಿಷಿನಲ್ಲಿ, ದನಿ ಏರಿಸದೆ.

ಸಂಯುಕ್ತಾ ತಲೆ ತಗ್ಗಿಸಿ ಬಂದು ಚರ್ಚಿನ ಕೊನೆಯ ಬೆಂಚಿನಲ್ಲಿ ಅನಸೂಯ ಆಂಟಿಯ ಪಕ್ಕ ಕೂತಳು. ಟ್ರುಗನಿನಾ ಬಡಾವಣೆಯಲ್ಲಿ ಇಬ್ಬರ ಮನೆಯೂ ಎದುರುಬದುರು. ಇವಳಿಗೆ ಕಾರು ಓಡಿಸಲು ಬರುವುದಿಲ್ಲವೆಂದು ಆಂಟಿಯೇ ಕರೆತಂದಿದ್ದರು.

"ಯಾರೇ ಅವ್ಳು, ಅಷ್ಟು ಉರ್ಕೊಂಡ್ ನಿಂತಿರೋದು?"

"ಮಗಳು ಆಂಟಿ. ಬೆಳಿಗ್ಗೆ ಫ್ಲೈಟಲ್ಲಿ ಸಿಡ್ನಿಯಿಂದ ಬಂದ್ರು. ಅಲ್ಲೇ ಮಾರ್ಸ್ಡನ್ ಪಾರ್ಕಲ್ಲಿ ಮನೆ."

"ಇದ್ದಾಗ ಒಂದಿನಾನೂ ಕಾಣ್ಲಿಲ್ಲ, ಈಗ ಜೋರು ನೋಡು." ಆಂಟಿ ಸುತ್ತ ಕಣ್ಣಾಡಿಸಿದರು. "ಜನಾನೇ ಇಲ್ವಲ್ಲೇ! ನಮ್ ಸುಬ್ಬಣ್ಣನ ಗೃಹಪ್ರವೇಶದಲ್ಲಿ ಪಾರ್ಕಿಂಗಿಗೆ ಕಿತ್ತಾಡ್ತಿದ್ದೋರೇ ಇದಕ್ಕಿಂತ ಜಾಸ್ತಿ ಇದ್ರು."

ಸಂಯುಕ್ತಾ ನಗಲಿಲ್ಲ. ಸತ್ತವಳಿಗೆ ಅವಳು ಒಂದು ಮಾತು ಕೊಟ್ಟಿದ್ದಳು.

*

ಗಲೀನಾಗೆ ಸ್ನಾನ ಮಾಡಿಸಿ ಊಟ ಕೊಡುವುದು ಸಂಯುಕ್ತಾಳ ಕೆಲಸವಾಗಿತ್ತು. ಎಸ್ಸೆಸ್ಸೆಲ್ಸಿ ದಾಟದ ಇವಳಿಗೂ ರಷ್ಯಾದ ಆ ಮುದುಕಿಗೂ ಇಂಗ್ಲಿಷು ಒಂದೇ ಅಳತೆಗೆ ಮುರಿದಿತ್ತು; ಹಾಗಾಗಿ ಹೊಂದಿಕೆಯಾಯಿತು.

ವೋಲ್ಗಾ ದಡದ ತನ್ನೂರಿನ ರಂಗಮಂದಿರದಲ್ಲಿ ಗಲೀನಾ ದಾಸಿಯಿಂದ ರಾಣಿಯವರೆಗೆ ಎಲ್ಲವೂ ಆಗಿದ್ದಳು. ಸಿನಿಮಾದವರು ಮಾತ್ರ ಕರೆದಾಗಲೆಲ್ಲ ಸಾಯುವ ಪಾತ್ರವನ್ನೇ ಕೊಟ್ಟರು. "ನನ್ನಷ್ಟು ಚೆನ್ನಾಗಿ ಯಾರೂ ಸಾಯ್ತಿರ್ಲಿಲ್ಲ," ಎಂದು ಸ್ನಾನದ ಸ್ಟೂಲಿನ ಮೇಲೆ ಕೂತು ನಗುತ್ತಿದ್ದಳು. ನಾಯಕಿಯಾದದ್ದು ಒಂದೇ ಚಿತ್ರದಲ್ಲಿ. ಯುದ್ಧದಲ್ಲಿ ಕಳೆದುಹೋದ ಮಗುವನ್ನು ರೈಲು ನಿಲ್ದಾಣಗಳಲ್ಲಿ ಹುಡುಕಿಕೊಂಡು ಅಲೆಯುವ ತಾಯಿ. ಊರಿಗೆ ಊರೇ ಅತ್ತಿತ್ತಂತೆ.

"ನಮ್ಮಲ್ಲಿ ನಟಿಯ ಪೆಟ್ಟಿಗೆ ಹೊರಟಾಗ ಜನ ಚಪ್ಪಾಳೆ ತಟ್ತಾರೆ," ಎಂದಳು ಒಂದು ಮಧ್ಯಾಹ್ನ. "ಇಲ್ಲಿಯವರಿಗೆ ಅದು ಗೊತ್ತಿಲ್ಲ. ನೀನು ಶುರು ಮಾಡು. ಒಬ್ಬರು ತಟ್ಟಿದ್ರೆ ಸಾಕು, ಮಿಕ್ಕವರು ಸೇರ್ಕೋತಾರೆ. ಜೀವನವಿಡೀ ನೋಡಿದೀನಿ."

ಸಂಯುಕ್ತಾ ಆಯಿತೆಂದಳು. ಅಷ್ಟೊತ್ತಿಗೆ ಹಾಸಿಗೆ ಹಿಡಿದಿದ್ದವಳಿಗೆ ಇಲ್ಲವೆನ್ನಲು ಬಾಯಿ ಬರಲಿಲ್ಲ.

*

ಪಾದ್ರಿಯ ಪ್ರಾರ್ಥನೆ ಮುಗಿಯಿತು. ಸಂಯುಕ್ತಾ ಧೈರ್ಯ ಮಾಡಿ ವೆರಾಳ ಬಳಿ ಹೋಗಿ, ತಡವರಿಸುತ್ತ ವಿಷಯ ಹೇಳಿದಳು.

"ಬೇಡ," ಎಂದಳು ವೆರಾ. "ಆ ಸಿನಿಮಾ ತೆಗೀವಾಗ ನಾನು ಪುಟ್ಟ ಹುಡುಗಿ. ಜ್ವರ ಬಂದು ಆಸ್ಪತ್ರೇಲಿದ್ದೆ. ಬಾಗಿಲು ಸದ್ದಾದಾಗೆಲ್ಲ ಅಮ್ಮ ಬಂದ್ಲು ಅಂತ ಎದ್ದು ಕೂರ್ತಿದ್ದೆ. ಅವಳು ಸ್ಟೇಷನ್ನಲ್ಲಿ ಯಾರದೋ ಮಗೂನ ಹುಡುಕ್ತಾ ಇದ್ಲು. ಚಪ್ಪಾಳೆ ಅವಳಿಗೆ ಬೇಕಾದಷ್ಟು ಸಿಕ್ಕಿದೆ."

ಸಂಯುಕ್ತಾ ಮರಳಿ ಆಂಟಿಯ ಪಕ್ಕಕ್ಕೆ ಬಂದಳು. ಕಾದು ಕೂತಿದ್ದ ಆ ಮಗುವೂ ನಿಜ, ತಾನು ಕೊಟ್ಟ ಮಾತೂ ನಿಜ.

ನಾಲ್ವರು ಪೆಟ್ಟಿಗೆ ಎತ್ತಿದರು. ಅದು ಬಾಗಿಲು ದಾಟಿ ಬಿಸಿಲಿಗೆ ಬಂದಾಗ ಸಂಯುಕ್ತಾ ಕಣ್ಣು ಮುಚ್ಚಿಕೊಂಡು ಚಪ್ಪಾಳೆ ತಟ್ಟಿದಳು.

"ಏ, ತಲೆಗಿಲೆ ಕೆಟ್ಟಿದ್ಯಾ?" ಅನಸೂಯ ಆಂಟಿ ಅವಳ ಸೆರಗು ಜಗ್ಗಿದರು. "ಸಾವಲ್ಲಿ ಚಪ್ಪಾಳೆ ತಟ್ತಾರೇನೇ? ಥೂ, ನಿಲ್ಸೇ!"

ಯಾರೂ ಸೇರಿಕೊಳ್ಳಲಿಲ್ಲ. ಜೀವನವಿಡೀ ನೋಡಿದ್ದ ಗಲೀನಾಳ ಮಾತು ಇಲ್ಲಿ ಸುಳ್ಳಾಯಿತು. ಒಬ್ಬಳೇ ಬಟ್ಟೆ ಒಗೆಯುತ್ತಿರುವಂತೆ ಆ ಸದ್ದು ಅಂಗಳದಲ್ಲಿ ಕೇಳುತ್ತಿತ್ತು.

ವೆರಾ ಪೆಟ್ಟಿಗೆಯ ಹಿಂದೆ ನಡೆಯುವುದನ್ನು ಬಿಟ್ಟು ಸರಸರ ಇತ್ತ ಬಂದಳು. ಹೊಡೆಯುತ್ತಾಳೆಂದೇ ಸಂಯುಕ್ತಾ ಅಂದುಕೊಂಡಳು, ಆದರೂ ನಿಲ್ಲಿಸಲಿಲ್ಲ. ವೆರಾ ಅವಳ ಎರಡೂ ಕೈಗಳನ್ನು ತನ್ನ ಕೈಗಳೊಳಗೆ ಬಿಗಿಹಿಡಿದು ಸದ್ದಡಗಿಸಿದಳು.

ಪೆಟ್ಟಿಗೆ ಏರಿಸಿಕೊಂಡ ಶವವಾಹನದ ಬಾಗಿಲು ಮುಚ್ಚಿತು. ಗಾಡಿ ಗೇಟು ದಾಟಿ, ಗೋದಾಮುಗಳ ರಸ್ತೆಗೆ ತಿರುಗಿ, ಲಾರಿಗಳ ನಡುವೆ ಮರೆಯಾಯಿತು. ವೆರಾ ಅತ್ತ ತಿರುಗಿ ನೋಡಲೂ ಇಲ್ಲ, ಹಿಡಿದ ಕೈ ಬಿಡಲೂ ಇಲ್ಲ.