ಪ್ರಾಗ್ ಪಟ್ಟಿಯಲ್ಲಿ ಎರಡು ಗಂಟೆ ಖಾಲಿ

ನನ್ನ ಗಂಡ ಬೋಗೊಸಾವ್ ಮೂವತ್ತೆಂಟು ವರ್ಷ ರೈಲ್ವೆಯಲ್ಲಿ ವೇಳಾಪಟ್ಟಿ ಬರೆದವನು. ಒಂದು ವಾರ ಪ್ರಾಗ್‌ಗೆ ಹೋಗಿಬರೋಣ ಎಂದು ನಾನು ಬಾಯಿಬಿಟ್ಟದ್ದು ಸೆಪ್ಟೆಂಬರಿನಲ್ಲಿ. ಅಕ್ಟೋಬರ್ ಮುಗಿಯುವಷ್ಟರಲ್ಲಿ ಅಡುಗೆಮನೆಯ ಮೇಜಿನ ತುಂಬ ಆ ಊರಿನ ನಕ್ಷೆ ಹಾಸಿಕೊಂಡಿತ್ತು. ಹಿಟ್ಟು ನಾದಲು ನನಗೆ ಜಾಗವಿಲ್ಲ. ಏಳು ದಿನಕ್ಕೆ ಏಳು ಹಾಳೆ, ಹಾಳೆಯ ಮೇಲೆ ಗೆರೆ, ಗೆರೆಗಳ ನಡುವೆ ನಿಮಿಷ.

"ಕೋಟೆಗೆ ಟ್ರಾಮಲ್ಲೇ ಹೋಗೋದು. ಮೆಟ್ಟಿಲು ಹತ್ತೋಕೆ ನಿನ್ನ ಬಿಡಲ್ಲ," ಎಂದೆ.

"ಟ್ರಾಮಿಗೆ ಕಾಯೋದು ಏಳು ನಿಮಿಷ ಅಂತ ಹಾಕಿದೀನಿ."

"ನಾನು ಬಚ್ಚಲಿಗೆ ಹೋಗೋಕೆ ಎಷ್ಟು ನಿಮಿಷ ಹಾಕಿದೀಯಪ್ಪಾ?"

"ಹಾಕಿದೀನಿ," ಎಂದ. ನೋಡಿದರೆ ನಿಜವಾಗಿಯೂ ಹಾಕಿದ್ದ. ಇಂಥವನ ಜೊತೆ ಮೂವತ್ತನಾಲ್ಕು ವರ್ಷ ಬಾಳಿದ್ದೇನೆ, ನನಗೊಂದು ಪದಕ ಕೊಡಬೇಕು.

ನಿಜ ಹೇಳುತ್ತೇನೆ, ಪ್ರಾಗ್ ಆದರೂ ಸರಿ, ಪಾತಾಳ ಆದರೂ ಸರಿ ಎನ್ನುವಂತಿದ್ದೆ. ನನಗೆ ಬೇಕಾದದ್ದು ಒಂದೇ, ನವೆಂಬರ್ ಎಂಟರಂದು ಇವನು ನಮ್ಮೂರು ಕಿಕಿಂದಾದಲ್ಲಿ ಇರಬಾರದು.

ಅಂದು ನಮ್ಮ ಮನೆದೇವರ ದಿನ. ಸಂತ ದಿಮಿತ್ರಿ ಇವರ ವಂಶದ ಮನೆದೇವರು. ಈ ದಿನಕ್ಕೆ ಯಾರನ್ನೂ ಕರೆಯುವುದಿಲ್ಲ, ಕರೆಯಲೂಬಾರದು. ನೆನಪಿದ್ದವರು ಬರುತ್ತಾರೆ. ಬಂದವನು ಹಗೆಯಾದರೂ ಬಾಗಿಲಿನಿಂದ ಹಿಂದಕ್ಕೆ ಕಳಿಸುವ ಹಾಗಿಲ್ಲ. ಮನೆಯ ಯಜಮಾನ ಬೆಳಗಿನಿಂದ ರಾತ್ರಿಯವರೆಗೆ ನಿಂತೇ ಬಡಿಸಬೇಕು. ಕೂರುವ ಹಾಗಿಲ್ಲ, ಹೊಸ್ತಿಲು ದಾಟಿ ಬೇರೆ ಕಡೆ ಹೋಗುವ ಹಾಗಂತೂ ಇಲ್ಲವೇ ಇಲ್ಲ.

ಒಂಬತ್ತು ವರ್ಷದ ಹಿಂದೆ ಇದೇ ದಿನ, ಮೂವತ್ತು ಜನ ಊಟಕ್ಕೆ ಕುಳಿತಿರುವಾಗ, ಬೋಗೊಸಾವ್ ತನ್ನ ತಮ್ಮ ತಿಹೋಮಿರನಿಗೆ ಒಂದು ಮಾತು ಹೇಳಿದ. ಅವರ ತಾಯಿ ಅದೇ ಬೇಸಿಗೆಯಲ್ಲಿ ತಿಹೋಮಿರನ ಮನೆಯಲ್ಲಿ ತೀರಿಕೊಂಡಿದ್ದರು. "ಆಸ್ಪತ್ರೆಗೆ ಹಾಕದೆ ಅಮ್ಮನ್ನ ಕೊಂದವನು ನೀನೇ," ಎಂದುಬಿಟ್ಟ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ತಿಹೋಮಿರ್ ಚಮಚ ಕೆಳಗಿಟ್ಟು ಎದ್ದುಹೋದ. ಮರುವರ್ಷದಿಂದ ನಾಲ್ಕು ಬೀದಿ ಆಚೆ ತನ್ನ ಮನೆಯಲ್ಲೇ ಬೇರೆ ದೀಪ ಹಚ್ಚಿದ. ಒಂದೇ ದೇವರು, ಎರಡು ಮೇಜು, ಎರಡು ಹಂದಿ ಹುರಿತ. ನೆಂಟರಿಷ್ಟರೆಲ್ಲ ಅರ್ಧ ಹೊಟ್ಟೆ ಇಲ್ಲಿ, ಅರ್ಧ ಹೊಟ್ಟೆ ಅಲ್ಲಿ.

ಆವತ್ತಿನಿಂದ ಆ ದಿನ ಬಂತೆಂದರೆ ಬೋಗೊಸಾವನ ಒಂದು ಕಣ್ಣು ಬಡಿಸುವ ಪಾತ್ರೆಯ ಮೇಲೆ, ಇನ್ನೊಂದು ಗೇಟಿನ ಮೇಲೆ. ಗೇಟು ಕಿರ್ರೆಂದಾಗಲೆಲ್ಲ ಮುಖ ಬೆಳ್ಳಗಾಗುತ್ತಿತ್ತು. ಹೋದ ವರ್ಷ ಅತಿಥಿಗಳು ಹೋದ ಮೇಲೆ ಗೇಟು ಹಾಕಲು ಹೋದವನು ಅಲ್ಲೇ ಕುಸಿದ. ಹೃದಯಕ್ಕೆ ಎರಡು ಸ್ಟೆಂಟು. "ಇಂಥ ಇನ್ನೊಂದು ದಿನವನ್ನ ಇವರು ತಡ್ಕೊಳ್ಳಲ್ಲಮ್ಮ," ಎಂದು ಡಾಕ್ಟರು ನನ್ನನ್ನೇ ಕರೆದು ಹೇಳಿದರು. ಆಮೇಲೂ ಕೈಕಟ್ಟಿ ಕೂರಲು ನಾನೇನು ಕಲ್ಲೇ?

ಪ್ರವಾಸ ಎಂದಾಗ ಜಗಳ ಆಡುತ್ತಾನೆ ಎಂದುಕೊಂಡಿದ್ದೆ. ಮೂರು ದಿನ ಮಾತೇ ಆಡಲಿಲ್ಲ. ನಾಲ್ಕನೆಯ ದಿನ, "ಸರಿ, ಹೋಗೋಣ," ಎಂದ. ತಾನೇ ಹೋಗಿ ಊರಿನ ವಾರಪತ್ರಿಕೆಗೆ ಎರಡು ಸಾಲು ಕೊಟ್ಟುಬಂದ: ಈ ವರ್ಷ ನಾವು ಅತಿಥಿಗಳನ್ನು ಬರಮಾಡಿಕೊಳ್ಳುತ್ತಿಲ್ಲ. ಸಾವಾದ ಮನೆಯವರು ಕೊಡುವ ಸಾಲು ಅದು.

ಪತ್ರಿಕೆ ಬಂದ ದಿನವೇ ಸ್ವೆತೊಜಾರ್ ಬಿರುಗಾಳಿಯಂತೆ ನುಗ್ಗಿದ. ಅವನು ನಮ್ಮ ಮದುವೆಗೆ ಸಾಕ್ಷಿ ನಿಂತವನು. ನಮ್ಮಲ್ಲಿ ಅಂಥವನಿಗೆ ಒಡಹುಟ್ಟಿದವನಿಗಿಂತ ಹೆಚ್ಚು ಸಲಿಗೆ.

"ಏನಮ್ಮಾ ಜಾಗೋರ್ಕಾ, ಮನೆದೇವರನ್ನ ಬಿಟ್ಟು ಬಿಯರ್ ಕುಡಿಯೋಕೆ ಹೊರಟ್ರಾ? ಊರೆಲ್ಲ ನಗ್ತಿದೆ!"

"ನಗಲಿ. ಹೋದ ವರ್ಷ ಆಂಬುಲೆನ್ಸ್ ಹಿಂದೆ ಓಡಿದ್ದು ನಾನು, ಊರಲ್ಲ."

"ಬೆಳಿಗ್ಗೆ ಚರ್ಚಿನಲ್ಲಿ ಪಾದ್ರಿ ಕೈಲಿ ದೇವರ ರೊಟ್ಟಿ ಮುರಿಸ್ತೀವಿ. ದೇವರಿಗೆ ಏನೂ ಕಮ್ಮಿ ಮಾಡಲ್ಲ," ಎಂದು ಬೋಗೊಸಾವ್ ನಕ್ಷೆಯಿಂದ ತಲೆ ಎತ್ತದೆ ಹೇಳಿದ.

"ನನ್ನ ಊಟ?"

"ನಿನಗೆ ಇನ್ನೊಂದು ಮೇಜು ಇದೆಯಲ್ಲ," ಎಂದೆ. "ಈ ವರ್ಷ ಅಲ್ಲೇ ಹೊಟ್ಟೆ ತುಂಬ ತಿನ್ನು."

ಅಂದು ಸಂಜೆ ಮೊದಲನೆಯ ದಿನದ, ಎಂದರೆ ನವೆಂಬರ್ ಎಂಟರ, ಹಾಳೆ ನನ್ನ ಕೈಗೆ ಸಿಕ್ಕಿತು. ನೊವಿ ಸಾದ್‌ಗೆ ಬೆಳಗಿನ ಹತ್ತರ ಬಸ್ಸು ಎಂದು ಮಾತಾಗಿತ್ತು. ಅಲ್ಲಿಂದ ರಾತ್ರಿ ಪ್ರಾಗ್ ಬಸ್ಸು. ಹತ್ತನ್ನು ಹೊಡೆದುಹಾಕಿ ಮೂರು ಎಂದು ಬರೆದಿದ್ದ. ಅದಕ್ಕೂ ಮೊದಲು ಹನ್ನೆರಡೂವರೆಯಿಂದ ಎರಡೂವರೆಯವರೆಗಿನ ಚೌಕ ಖಾಲಿ. ಬಚ್ಚಲಿಗೂ ನಿಮಿಷ ಹಾಕಿದವನು ಎರಡು ಗಂಟೆ ಖಾಲಿ ಬಿಟ್ಟಿದ್ದಾನೆ! ಹಾಳೆಯನ್ನು ಅವನ ಮುಂದೆ ಹಿಡಿದೆ.

"ಇದೇನಿದು?"

"ಇರಲಿ ಬಿಡು."

"ಏನು ಇರಲಿ? ಬೀಗ ಹಾಕಿದ ಮನೆ ಒಳಗೆ ಕೂತು ಗೇಟು ನೋಡ್ತೀಯಾ? ಸಾಯಬೇಕು ಅಂತ ಇದ್ರೆ ನೆಟ್ಟಗೆ ಹೇಳು, ಈಗಲೇ ಕಪ್ಪು ಬಟ್ಟೆ ಹೊಲಿಸ್ತೀನಿ!"

"ಕಿರುಚಬೇಡ, ಜಾಗೋರ್ಕಾ."

"ಕಿರುಚ್ತೀನಿ!"

ಹಾಳೆಯನ್ನು ನನ್ನ ಕೈಯಿಂದ ತೆಗೆದು ಮಡಚಿ ಜೇಬಿಗೆ ಹಾಕಿಕೊಂಡ. ಹದಿನೈದು ದಿನ ನಾನು ಸರಿಯಾಗಿ ನಿದ್ದೆ ಮಾಡಲಿಲ್ಲ. ಅವನು ಅಂಗಳಕ್ಕೆ ಹೋದರೂ ಹಿಂದೆಯೇ ಹೋಗುತ್ತಿದ್ದೆ.

ಎಂಟನೆಯ ತಾರೀಖು ಬಂತು. ಚರ್ಚಿನಲ್ಲಿ ರೊಟ್ಟಿ ಮುರಿದಾಯಿತು. ಮನೆಗೆ ಬಂದು ಗ್ಯಾಸು, ನೀರು, ಕಿಟಕಿ ಎಲ್ಲ ಮುಚ್ಚಿದೆ. ಹನ್ನೆರಡೂ ಇಪ್ಪತ್ತಕ್ಕೆ ಬೋಗೊಸಾವ್ ಕೋಟು ಹಾಕಿಕೊಂಡು, ಕೈಯಲ್ಲಿ ಒಂದು ವೈನ್ ಬಾಟಲಿ ಹಿಡಿದು ನಿಂತಿದ್ದ.

"ಹೊರಡು."

"ಬಸ್ಸು ಮೂರಕ್ಕಲ್ವಾ?"

"ಹೊರಡು ಅಂದೆ."

ಸೂಟ್‌ಕೇಸಿನ ಗಾಲಿಗಳು ಕಲ್ಲುಹಾಸಿನ ಮೇಲೆ ಗಡಗಡ ಸದ್ದು ಮಾಡುತ್ತಿದ್ದವು. ಕಿಟಕಿಗಳಿಂದ ಜನ ಇಣುಕಿದರು. ನಿಲ್ದಾಣಕ್ಕೆ ಬಲಕ್ಕೆ ತಿರುಗಬೇಕು, ಅವನು ಎಡಕ್ಕೆ ತಿರುಗಿದ. ಅದು ತಿಹೋಮಿರನ ಮನೆಯ ದಾರಿ ಎಂದು ನನಗೆ ಆಗ ಹೊಳೆಯಿತು. ಅವನ ತೋಳು ಹಿಡಿದು ನಿಲ್ಲಿಸಿದೆ.

"ಬೇಡ, ಬೋಗೊಸಾವ್. ನಿನ್ನ ಕಾಲಿಗೆ ಬೀಳ್ತೀನಿ. ಅಷ್ಟು ಜನರ ಎದುರು ಅವನು ಏನಾದ್ರೂ ಅಂದ್ರೆ ನಿನ್ನ ಎದೆ ತಡೆಯಲ್ಲ."

"ಬೇರೆ ದಿನ ಹೋದ್ರೆ ಮುಖದ ಮೇಲೆ ಬಾಗಿಲು ಹಾಕ್ತಾನೆ. ಇವತ್ತೊಂದು ದಿನ ಹಾಕೋ ಹಾಗಿಲ್ಲ. ಆದ್ರೆ ಇವತ್ತು ನಾನೂ ಯಜಮಾನ, ಮನೆ ಬಿಡೋ ಹಾಗಿರ್ಲಿಲ್ಲ. ಎಂಟು ವರ್ಷ ಹೀಗೇ ಕಟ್ಟಿಹಾಕಿದ ಹಾಗೆ ನಿಂತಿದ್ದೆ," ಎಂದ. "ನೀನು ಪ್ರಾಗ್ ಅಂದೆ ನೋಡು, ಆಗ ಬಿಡುಗಡೆ ಆಯ್ತು."

"ಅದನ್ನ ನನಗೆ ಹೇಳೋಕೆ ಏನಾಗಿತ್ತು ನಿನಗೆ?"

"ಹೇಳಿದ್ರೆ ಬಿಡ್ತಿದ್ದೆಯಾ?"

ಬಿಡುತ್ತಿರಲಿಲ್ಲ. ನಾಲಿಗೆಯ ಕೆಳಗಿಡುವ ಮಾತ್ರೆಯನ್ನು ಕೈಚೀಲದಿಂದ ತೆಗೆದು ಮುಷ್ಟಿಯಲ್ಲಿ ಹಿಡಿದುಕೊಂಡೆ.

ತಿಹೋಮಿರನ ಗೇಟು ತೆರೆದೇ ಇತ್ತು. ಒಳಗೆ ನಗು, ತಟ್ಟೆಗಳ ಸದ್ದು. ನಾವು ಹೊಸ್ತಿಲಲ್ಲಿ ನಿಂತದ್ದೇ ತಡ, ಎಲ್ಲ ನಿಂತುಹೋಯಿತು. ಸ್ವೆತೊಜಾರನ ಬಾಯಿ ತೆರೆದದ್ದು ತೆರೆದೇ ಇತ್ತು. ಮೇಜಿನ ಆ ತುದಿಯಲ್ಲಿ ತಿಹೋಮಿರ್ ಸೂಪಿನ ಪಾತ್ರೆ ಹಿಡಿದು ನಿಂತಿದ್ದ. ತಲೆ ಪೂರ್ತಿ ನರೆತಿತ್ತು.

"ಯಜಮಾನ, ನಿನ್ನ ಮನೆದೇವರ ದಿನ ಒಳ್ಳೇದಾಗಲಿ," ಎಂದ ಬೋಗೊಸಾವ್. ಎಲ್ಲ ಅತಿಥಿಗಳೂ ಹೇಳುವ ಮಾತು. ಬಾಟಲಿಯನ್ನು ಮೇಜಿನ ತುದಿಯಲ್ಲಿಟ್ಟ. "ಆವತ್ತು ಮೂವತ್ತು ಜನರ ಎದುರು ಅಂದಿದ್ದೆ. ಇವತ್ತೂ ಅಷ್ಟೇ ಜನ ಇದಾರೆ, ಎಲ್ಲರೂ ಕೇಳಲಿ. ನಾನು ಹೇಳಿದ್ದು ಸುಳ್ಳು. ಆಸ್ಪತ್ರೆ ಬೇಡ, ತಿಹೋಮಿರನ ಮನೇಲೇ ಸಾಯ್ತೀನಿ ಅಂತ ಅಮ್ಮ ನನಗೂ ಹೇಳಿದ್ಲು. ನನ್ನ ಮನೇಲಿ ಅಂತ ಹೇಳಲಿಲ್ಲವಲ್ಲ ಅಂತ ಹೊಟ್ಟೆ ಉರೀತು. ಅಷ್ಟೇ."

ಇದು ನನಗೂ ಗೊತ್ತಿರಲಿಲ್ಲ. ಈ ಒಂಬತ್ತು ವರ್ಷವೂ ಪಕ್ಕದಲ್ಲೇ ಮಲಗಿದವಳಿಗೆ ಗೊತ್ತಿರಲಿಲ್ಲ. ಸಿಟ್ಟು ಬಂತು, ಅದಕ್ಕಿಂತ ಹೆಚ್ಚಾಗಿ ಅಯ್ಯೋ ಎನಿಸಿತು.

ತಿಹೋಮಿರ್ ಪಾತ್ರೆ ಕೆಳಗಿಟ್ಟ. ಸಕ್ಕರೆ, ಅಕ್ರೋಟು ಬೆರೆಸಿ ಬೇಯಿಸಿದ ಗೋಧಿಯ ತಟ್ಟೆ ಎತ್ತಿಕೊಂಡು ಮೇಜಿನ ಉದ್ದಕ್ಕೂ ನಡೆದುಬಂದ. ಬಂದ ಪ್ರತಿಯೊಬ್ಬರಿಗೂ ಮೊದಲು ಕೊಡುವುದು ಅದನ್ನೇ. ತಟ್ಟೆಯನ್ನು ಅಣ್ಣನ ಮುಂದೆ ಚಾಚಿದ. ಬೋಗೊಸಾವ್ ಶಿಲುಬೆಯ ಗುರುತು ಮಾಡಿಕೊಂಡು ಒಂದು ಚಮಚ ಬಾಯಿಗೆ ಹಾಕಿಕೊಂಡ.

"ಕೂತ್ಕೊಳ್ಳಿ," ಎಂದ ತಿಹೋಮಿರ್. ಅಷ್ಟೇ.

ಕುಳಿತೆವು. ಸೂಪು ಬಂತು, ಎಲೆಕೋಸಿನಲ್ಲಿ ಸುತ್ತಿದ ಮಾಂಸ ಬಂತು, ಹುರಿದ ಹಂದಿ ಬಂತು. ತಿಹೋಮಿರ್ ನಮ್ಮ ಬೆನ್ನ ಹಿಂದೆ ಬಂದು ಬಡಿಸಿದ, ಬೇರೆಯವರಿಗೆ ಬಡಿಸಿದ ಹಾಗೆಯೇ. ನನಗೆ ಮೈಯೆಲ್ಲ ಉರಿಯಿತು. ಅಣ್ಣ ಅಷ್ಟು ಜನರೆದುರು ಮೂಗು ನೆಲಕ್ಕೆ ತಿಕ್ಕಿದ್ದಾನೆ, ಒಂದು ಮಾತು ಆಡಿದರೆ ಇವನ ಗಂಟೇನು ಹೋಗುತ್ತದೆ? ಬೋಗೊಸಾವನ ಉಸಿರು ಎಣಿಸುತ್ತ ಕುಳಿತಿದ್ದೆ. ಮುಷ್ಟಿಯಲ್ಲಿದ್ದ ಮಾತ್ರೆ ಬೆವರಿಗೆ ಕರಗಿ ಹೋಗಿತ್ತು.

ಎರಡೂ ಇಪ್ಪತ್ತೈದಕ್ಕೆ ನಾನೇ ಎದ್ದೆ. "ಬಸ್ಸಿದೆ," ಎಂದೆ.

"ಯಾವ ಊರಿಗೆ?" ಎಂದು ತಿಹೋಮಿರ್ ಕೇಳಿದ, ನನ್ನನ್ನು ನೋಡಿ.

"ಪ್ರಾಗ್‌ಗೆ. ಒಂದು ವಾರ."

ಅವನು ಗೇಟಿನವರೆಗೆ ಬಂದ. ಯಜಮಾನನಾದ್ದರಿಂದ ಅಲ್ಲಿಂದ ಮುಂದೆ ಬರುವ ಹಾಗಿಲ್ಲ. ಬೋಗೊಸಾವ್ ಕೋಟಿನ ಗುಂಡಿ ಹಾಕಿಕೊಳ್ಳಲು ಒದ್ದಾಡುತ್ತಿದ್ದ. ತಿಹೋಮಿರ್ ಕೈ ಚಾಚಿ ಮೇಲಿನ ಗುಂಡಿ ಹಾಕಿದ.

"ಬರೋ ವರ್ಷ ಈ ದಿನ ನಾನೂ ಮನೆಗೆ ಬೀಗ ಹಾಕಿ ಎಲ್ಲಿಗಾದ್ರೂ ಹೋಗೋಣ ಅಂತಿದೀನಿ, ಅಣ್ಣ."

"ದೂರಾನಾ?"

"ಇಲ್ಲ. ನಾಲ್ಕು ಬೀದಿ."

ಬೋಗೊಸಾವ್ ತಲೆಯಾಡಿಸಿದ. ಎರಡೂ ಸೂಟ್‌ಕೇಸನ್ನು ನಾನೇ ಎಳೆದುಕೊಂಡು ನಡೆದೆ.